ಅಂಟಿಗೆ ಹಾಲ್ವರ್ ಹೆಸರು ಬೇಡ

ಬೋದಿಲ್, ತೂರಾ, ಅವರ ಮನೆಯ ಹಿರಿಯರೇ, ಪಾದ್ರಿಗಳೇ, ಕಾರ್ಖಾನೆಯ ಗೆಳೆಯರೇ, ಮತ್ತು ಕಾಫಿ ಯಾವಾಗ ಬರುತ್ತದೆ ಎಂದು ಬಾಗಿಲ ಕಡೆಗೇ ನೋಡುತ್ತಿರುವ ಹಿಂದಿನ ಸಾಲಿನ ಮಹನೀಯರೇ — ಎಲ್ಲರಿಗೂ ನಮಸ್ಕಾರ.

ನನ್ನ ಪರಿಚಯ ಬೇಕಿಲ್ಲ. ಆದರೂ ಹೇಳಿಬಿಡುತ್ತೇನೆ. ಜಗತ್ತಿನ ಮೊತ್ತಮೊದಲ ವಿದ್ಯುತ್ ಲಾರಿಯನ್ನು ಕಂಡುಹಿಡಿದವನು ನಾನು, ಎವೆರ್ಟ್. ಆಗ ನನಗೆ ಒಂಬತ್ತು ವರ್ಷ. ಅಪ್ಪನ ಹಾಲಿನ ಗಾಡಿಗೆ ಟ್ರ್ಯಾಕ್ಟರಿನ ಬ್ಯಾಟರಿ ಕಟ್ಟಿ, ನಮ್ಮ ಹಳ್ಳಿ ಶಾಲೆಯ ಬಾಗಿಲಿನಿಂದ ಸರೋವರದ ದಂಡೆಯವರೆಗೆ ಓಡಿಸಿದೆ. ಮೇಷ್ಟ್ರು ಕಣ್ಣಾರೆ ಕಂಡಿದ್ದಾರೆ. ಆಮೇಲೆ ದೇಶವಿದೇಶದವರೆಲ್ಲ ಬಂದು ನನ್ನ ಉಪಾಯ ಕದ್ದುಕೊಂಡು ಹೋದರು. ಈಗಷ್ಟೇ ಚರ್ಚಿನಲ್ಲಿ ನಾವೆಲ್ಲ ಕೊನೆಯದಾಗಿ ಬೀಳ್ಕೊಟ್ಟು ಬಂದ ಹಾಲ್ವರನಿಗೆ ಇದನ್ನು ಹೇಳಿದಾಗ ಅವನು ಕೇಳಿದ್ದು ಒಂದೇ ಪ್ರಶ್ನೆ: "ಶಾಲೆಯಿಂದ ದಂಡೆಗೆ ಇಳಿಜಾರಲ್ವೇನೋ, ಎವೆರ್ಟ್?"

ಇಳಿಜಾರೇ. ಅದಕ್ಕೇನೀಗ?

ನೋಡಿ, ಅಂಥ ಮನುಷ್ಯ ಅವನು. ಒಬ್ಬನ ಜೀವಮಾನದ ಸಾಧನೆಯನ್ನು ಒಂದೇ ಮಾತಿನಲ್ಲಿ ಹಳ್ಳಕ್ಕೆ ಹಾಕುವವನು. ಈಗ ಇಲ್ಲಿ ಏನೇನು ಕೇಳಿದೆ ನಾನು? ಪಾದ್ರಿಗಳು "ಸೌಮ್ಯ ಸ್ವಭಾವದವರು" ಎಂದರು. ನಮ್ಮ ನಿರ್ದೇಶಕರಾದ ರುಟ್ಗರ್ ಬ್ಲೂಮ್ ಅವರು — ಇಗೋ ಮುಂದಿನ ಸಾಲಿನಲ್ಲೇ ಇದ್ದಾರೆ — "ಎಲ್ಲರೊಂದಿಗೂ ಹೊಂದಿಕೊಳ್ಳುವ ಸಹೋದ್ಯೋಗಿ" ಎಂದರು. ನಾನು ಎದ್ದು ಆ ಫೋಟೋ ಹತ್ತಿರ ಹೋಗಿ ನೋಡಿ ಬಂದೆ. ಬೇರೆ ಯಾರದೋ ಸಭೆಗೆ ಬಂದುಬಿಟ್ಟೆನೇನೋ ಎಂದು ಗಾಬರಿಯಾಯಿತು. ಇಲ್ಲ, ಅವನೇ. ಅದೇ ಕಿರಿದಾದ ಕಣ್ಣು, ಅದೇ ಬಿಗಿದ ತುಟಿ. ಫೋಟೋದಲ್ಲೂ ನನ್ನ ಕೆಲಸದಲ್ಲಿ ತಪ್ಪು ಹುಡುಕುತ್ತಿದ್ದಾನೆ.

ನನಗೆ ಹಾಲ್ವರ್ ಎಂದರೆ ಆಗುತ್ತಿರಲಿಲ್ಲ. ಅವನಿಗೆ ನಾನೆಂದರೆ ಆಗುತ್ತಿರಲಿಲ್ಲ. ಅದೊಂದು ವಿಷಯದಲ್ಲಿ ಮಾತ್ರ ನಮ್ಮಿಬ್ಬರ ಅಭಿಪ್ರಾಯ ಒಂದೇ ಆಗಿತ್ತು.

ಯಾಕೆ ಆಗುತ್ತಿರಲಿಲ್ಲ ಎಂದು ಹೇಳಬೇಕು. ಸತ್ತವನ ಮುಂದೆ ಸುಳ್ಳು ಹೇಳಬಾರದು.

ವಿದ್ಯುತ್ ಲಾರಿಯ ಬ್ಯಾಟರಿ ಎಂದರೆ ಏನೆಂದು ನೆಂಟರಲ್ಲಿ ಕೆಲವರಿಗೆ ಗೊತ್ತಿರಲಿಕ್ಕಿಲ್ಲ. ಶವಪೆಟ್ಟಿಗೆಯಷ್ಟು ಉದ್ದದ ಲೋಹದ ಪೆಟ್ಟಿಗೆ — ಕ್ಷಮಿಸು ಬೋದಿಲ್, ಅಷ್ಟೇ ಉದ್ದ ಇರುವುದು ನಿಜ. ಲಾರಿಯ ಎರಡೂ ಪಕ್ಕೆಗೆ ಅಂಥವನ್ನು ತೂಗುಹಾಕುತ್ತಾರೆ. ಪೆಟ್ಟಿಗೆಯೊಳಗೆ ಸಣ್ಣ ಪೆಟ್ಟಿಗೆಗಳು. ಅವುಗಳಲ್ಲಿ ಒಂದು ಕೆಟ್ಟರೆ ಆ ಒಂದನ್ನು ತೆಗೆದು ಬೇರೆ ಹಾಕಬೇಕು. ಹೇಳುವುದು ಸುಲಭ. ಮೊದಮೊದಲು ಎಲ್ಲವನ್ನೂ ಅಂಟು ಸುರಿದು ಕೂರಿಸುತ್ತಿದ್ದರು. ಮುಚ್ಚಳಕ್ಕೆ ಅಂಟು, ತಳಕ್ಕೆ ಅಂಟು, ಮಧ್ಯೆ ನೊರೆಯಂಥ ಇನ್ನೊಂದು ಅಂಟು. ಒಳಗಿನದನ್ನು ಹೊರಗೆ ತೆಗೆಯಲು ಈ ಇಡೀ ಪ್ರಾಂತ್ಯದಲ್ಲಿ ಒಬ್ಬನಿಗೆ ಮಾತ್ರ ಬರುತ್ತಿತ್ತು. ಯಾರು ಅವನು? — ಹೇಳಿ, ನಾಚಿಕೆ ಬೇಡ. — ನಾನು.

ಪಿಯಾನೊ ತಂತಿ. ಎರಡು ಕಡೆ ಮರದ ಹಿಡಿ. ಹೀಗೆ ಹಿಡಿದು, ಹೀಗೆ, ಉಸಿರು ಬಿಗಿಹಿಡಿದು, ಬೆಣ್ಣೆ ಕೊಯ್ದ ಹಾಗೆ ಅಂಟನ್ನು ಕೊಯ್ಯುತ್ತಿದ್ದೆ. ಜರ್ಮನಿಯಿಂದ ಎಂಜಿನಿಯರುಗಳು ನೋಡಲು ಬಂದರು. ಒಬ್ಬ ಅತ್ತುಬಿಟ್ಟ. ನಾನು ರಜೆ ಹಾಕಿದರೆ ಲಾರಿಗಳು ಅಂಗಳದಲ್ಲಿ ಸಾಲಾಗಿ ನಿಂತು ನನಗಾಗಿ ಕಾಯುತ್ತಿದ್ದವು. ಮನುಷ್ಯನಿಗೆ ಅದಕ್ಕಿಂತ ಹೆಚ್ಚಿನ ಮರ್ಯಾದೆ ಏನಿದೆ?

ಆ ಮರ್ಯಾದೆಯನ್ನು ಹಾಲ್ವರ್ ಕಿತ್ತುಕೊಂಡ.

ತಾಳಿ. ಅದಕ್ಕೂ ಮೊದಲು ಒಂದು ಮಾತು ಹೇಳಬೇಕು. ಇಲ್ಲಿ ಯಾರೂ ಹೇಳಲಿಲ್ಲ, ಎಲ್ಲರೂ ಅದರ ಸುತ್ತ ಬಳಸಿಕೊಂಡು ಹೋದರು. ಆ ಅಂಟಿನ ಪೆಟ್ಟಿಗೆಯ ನಕ್ಷೆ ಬರೆದವನು ಯಾರು? ಹಾಲ್ವರನೇ! ಹಗುರ, ಅಗ್ಗ, ಗಟ್ಟಿ ಎಂದು ಅವನಿಗೆ ಬಹುಮಾನ ಕೊಟ್ಟರು. ಸೂಟು ಹಾಕಿಕೊಂಡು ಸ್ಟಾಕ್‌ಹೋಮಿಗೆ ಹೋಗಿ ತಗೊಂಡು ಬಂದ. "ಇದು ಒಂದ್ಸಲ ಕೂತ್ರೆ ಕೂತ ಹಾಗೇನೇ, ಯಾವನೂ ಬಿಚ್ಚೋಕಾಗಲ್ಲ," ಎಂದು ಊಟದ ಕೋಣೆಯಲ್ಲಿ ಎದೆ ಉಬ್ಬಿಸಿಕೊಂಡು ಹೇಳಿದ. ನಾವು ಚಪ್ಪಾಳೆ ತಟ್ಟಿದೆವು. ಬಿಚ್ಚಲಾಗದ ವಸ್ತುವಿಗೆ ಚಪ್ಪಾಳೆ ತಟ್ಟುವ ಜನ ನಾವು. ಲಾರಿ ಎಂದಾದರೂ ಹಳತಾಗುತ್ತದೆ ಎಂಬುದು ಲಾರಿ ಕಟ್ಟುವ ನಮ್ಮಲ್ಲಿ ಒಬ್ಬರಿಗೂ ಹೊಳೆಯಲಿಲ್ಲ.

ಲಾರಿ ಹಳತಾದರೆ ಎಲ್ಲಿಗೆ ಹೋಗುತ್ತದೆ? ನದಿಯಾಚೆ ತೂರಾಳ ಶೆಡ್ಡಿಗೆ. ಹಾಲ್ವರನ ಮಗಳು, ಇಗೋ ಅಮ್ಮ ಬೋದಿಲ್ ಪಕ್ಕ ಕೂತಿದ್ದಾಳೆ. ಅವಳು, ಅವಳ ಜೊತೆ ಏಳು ಜನ. ನಾವು ಕಟ್ಟಿದ್ದನ್ನೆಲ್ಲ ಅವರು ಬಿಚ್ಚುತ್ತಾರೆ. ಚೆನ್ನಾಗಿರುವ ಸಣ್ಣ ಪೆಟ್ಟಿಗೆಗಳನ್ನು ಆರಿಸಿ ರೈತರ ಕೊಟ್ಟಿಗೆಗೆ, ಅಂಗಡಿಗಳಿಗೆ ಕೊಡುತ್ತಾರೆ, ಉಳಿದದ್ದನ್ನು ಕರಗಿಸಲು ಕಳಿಸುತ್ತಾರೆ. ಒಂದು ದಿನ, ಹಿಮದಲ್ಲಿ ಜಾರಿ ಹಳ್ಳಕ್ಕೆ ಬಿದ್ದ ಲಾರಿಯ ಬ್ಯಾಟರಿ ಅಲ್ಲಿಗೆ ಬಂತು. ಅಪ್ಪನ ಬಹುಮಾನದ ಪೆಟ್ಟಿಗೆ. ತೂರಾ ಎಡಗೈಯಲ್ಲಿ ಉಳಿ ಹಿಡಿದು, ಬಲಗೈಯಲ್ಲಿ ಸುತ್ತಿಗೆ ಹಿಡಿದು, ಅಂಟನ್ನು ಕೆತ್ತುತ್ತಿದ್ದಳು. ಉಳಿ ಜಾರಿತು. ಒಳಗಿನ ಸಣ್ಣ ಪೆಟ್ಟಿಗೆಯೊಂದಕ್ಕೆ ತೂತು ಬಿತ್ತು.

ನಾನು ಅಲ್ಲೇ ಇದ್ದೆ. ಮೊದಲು ಸುಯ್ ಎಂದಿತು. ಆಮೇಲೆ ಬಿಳಿ ಹೊಗೆ. ಆಮೇಲೆ ಬೆಂಕಿ. ನಾನೇ ನುಗ್ಗಿ ತೂರಾಳನ್ನು ಎಳೆದು ಹೊರಗೆ ತಂದೆ.

— ಹಾಗೆ ನೋಡಬೇಡ, ತೂರಾ. ಆಯಿತು. ಅವಳೇ ನನ್ನನ್ನು ಎಳೆದು ಹೊರಗೆ ತಂದಳು. ಸುಟ್ಟ ಕೈಯಿಂದಲೇ.

ಆಸ್ಪತ್ರೆಗೆ ಹಾಲ್ವರ್ ಬಂದ. ಮಗಳ ಎಡಗೈಗೆ ಬಟ್ಟೆ ಸುತ್ತಿದ್ದರು, ಇಷ್ಟು ದಪ್ಪ. ಅಪ್ಪನಾದವನು ಏನು ಕೇಳುತ್ತಾನೆ? ನೋವಿದೆಯಾ ಎಂದು ಕೇಳುತ್ತಾನೆ. ಈ ಸೌಮ್ಯ ಸ್ವಭಾವದವನು ಏನು ಕೇಳಿದ ಗೊತ್ತೆ?

"ಯಾವ ಮೂಲೆಯಿಂದ ಬಿಚ್ಚೋಕೆ ಶುರು ಮಾಡ್ದೆ?"

ತೂರಾ ಗೋಡೆ ಕಡೆ ಮುಖ ಮಾಡಿ ಹೇಳಿದಳು: "ಅದಕ್ಕೆ ಮೂಲೇನೇ ಇಲ್ಲ ಅಪ್ಪ. ನೀನು ಬಿಡ್ಲೇ ಇಲ್ಲ."

ಬೋದಿಲ್ ಅವನ ಕಾಲರು ಹಿಡಿದು ಬಾಗಿಲಿನಿಂದಾಚೆಗೆ ದಬ್ಬಿದಳು. ನಾನು ಕಂಡಿದ್ದೇನೆ, ಬೋದಿಲ್. ಚೆನ್ನಾಗಿ ದಬ್ಬಿದೆ. ಇನ್ನೂ ಸ್ವಲ್ಪ ಜೋರಾಗಿ ದಬ್ಬಿದ್ದರೂ ತಪ್ಪಿರಲಿಲ್ಲ.

ಅವನು ಮಗಳಿಗೆ ತಪ್ಪಾಯಿತು ಎಂದು ಹೇಳಿದ್ದನ್ನು ನಾನಂತೂ ಕೇಳಿಲ್ಲ. ಅವನ ಬಾಯಿಗೆ ಆ ಮಾತೇ ಬರುತ್ತಿರಲಿಲ್ಲ. ಬದಲಿಗೆ ಮರುದಿನ ಕಾರ್ಖಾನೆಗೆ ಬಂದು ಅಂಟಿನ ಪೀಪಾಯಿಗಳನ್ನು ಒಂದೊಂದಾಗಿ ಅಂಗಳಕ್ಕೆ ಉರುಳಿಸಿದ. "ಏನಯ್ಯ ಇದು?" ಅಂದೆ. "ಇನ್ಮೇಲೆ ಕಟ್ಟಿದವನೇ ಬಿಚ್ಚಬೇಕು," ಅಂದ. "ನಾನಿದ್ದೀನಲ್ಲೋ ಬಿಚ್ಚೋಕೆ," ಅಂದೆ. "ನಿನಗೆ ಮಾತ್ರ ಬರೋ ಕೆಲಸ ನಂಗೆ ಬೇಡ," ಅಂದ.

ಕೇಳಿದಿರಾ? ಮುಖಕ್ಕೆ ಹೊಡೆದ ಹಾಗೆ! ನಿನಗೆ ಮಾತ್ರ ಬರೋ ಕೆಲಸ ನಂಗೆ ಬೇಡ. ಅವತ್ತಿನಿಂದ ನಾನು ಅವನ ಜೊತೆ ಒಂದೇ ಮೇಜಿನಲ್ಲಿ ಕಾಫಿ ಕುಡಿಯಲಿಲ್ಲ. ಪಕ್ಕದ ಮೇಜಿನಲ್ಲಿ ಕೂತೇ ಬೈಯುತ್ತಿದ್ದೆ.

ವರ್ಷಗಟ್ಟಲೆ ಅದನ್ನೇ ಹಿಡಿದುಕೊಂಡು ಕೂತ. ಸಣ್ಣ ಪೆಟ್ಟಿಗೆಗಳು ಹಳಿಯ ಮೇಲೆ ಜಾರಿ ಒಳಗೆ ಹೋಗಬೇಕು, ಜಾರಿ ಹೊರಗೆ ಬರಬೇಕು. ಎಲ್ಲ ಬೋಲ್ಟಿನ ತಲೆಯೂ ಒಂದೇ ಅಳತೆ, ಒಂದೇ ಸ್ಪ್ಯಾನರು ಸಾಕು. ಮುಚ್ಚಳಕ್ಕೆ ಅಂಟಿನ ಬದಲು ರಬ್ಬರ್ ಪಟ್ಟಿ. ತಂಪು ನೀರಿನ ಕೊಳವೆಗಳ ಜೋಡಣೆ ಪೆಟ್ಟಿಗೆಯ ಹೊರಗೆ, ಬಿಚ್ಚಿದರೆ ಒಂದು ಹನಿಯೂ ಒಳಗೆ ಬೀಳಬಾರದು. ಒಂದೊಂದಕ್ಕೂ ನನ್ನನ್ನು ಕರೆದು ಕಟ್ಟಿಸುವುದು, ಬಿಚ್ಚಿಸುವುದು, ಮತ್ತೆ ಕಟ್ಟಿಸುವುದು. "ನಾನೇನು ನಿನ್ನ ಆಟದ ಸಾಮಾನು ಜೋಡಿಸೋ ಮಗುವೇನೋ?" ಎಂದು ಕೂಗಾಡಿದೆ. "ಮಗುವಾದ್ರೆ ಇಷ್ಟು ಗಲಾಟೆ ಮಾಡ್ತಿರ್ಲಿಲ್ಲ," ಅಂದ.

ಕೊನೆಗೆ ಅವನದೊಂದು ಕಾನೂನು ಬಂತು. ಕೈಗವಸಿನ ಕಾನೂನು. ಆ ಪೆಟ್ಟಿಗೆಯನ್ನು ಹಿಂದೆಂದೂ ನೋಡಿರದವರೊಬ್ಬರು, ಚಳಿಗಾಲದ ದಪ್ಪ ಕೈಗವಸು ಹಾಕಿಕೊಂಡೇ, ಕಾಫಿ ಆರುವುದರೊಳಗೆ ಅದನ್ನು ಬಿಚ್ಚಬೇಕು. ಬಿಚ್ಚಲಾಗದಿದ್ದರೆ ನಕ್ಷೆ ಹರಿದುಹಾಕುತ್ತಿದ್ದ. ಎಷ್ಟು ತಿಂಗಳ ಕೆಲಸವಾದರೂ ಸರಿ, ಅಲ್ಲೇ, ಎಲ್ಲರ ಮುಂದೆ, ಪರ್‌ರ್ ಎಂದು. ಎಳೆಯ ಎಂಜಿನಿಯರ್ ಒಬ್ಬಳು ಅತ್ತಳು. ಹಾಲ್ವರ್ ಅವಳಿಗೆ ಸಮಾಧಾನ ಹೇಳಿದ ಎಂದುಕೊಂಡಿರಾ? ಇನ್ನೊಂದು ಹಾಳೆ ಕೊಟ್ಟ.

ನನಗೆ ತಡೆಯಲಿಲ್ಲ. ಒಂದು ಶುಕ್ರವಾರ, ಊಟದ ಕೋಣೆಯಲ್ಲಿ ಎಲ್ಲರೂ ಇದ್ದಾಗ ಎದ್ದು ನಿಂತು ಹೇಳಿದೆ: "ಕಸುಬು ಗೊತ್ತಿಲ್ಲದವರು ಬ್ಯಾಟರಿ ಬಿಚ್ಚಿದ್ರೆ ನಾನು ನನ್ನ ಟೋಪಿ ತಿಂತೀನಿ."

"ಟೋಪಿ ಯಾರಿಗೆ ಬೇಕೋ, ಪಂದ್ಯ ಕಟ್ಟು," ಅಂದ.

ಕಟ್ಟಿದೆ. ನನಗೂ ಸಿಟ್ಟಿತ್ತು.

ಅವನು ಯಾರನ್ನು ಕರೆದ? ಗುನ್ವೋರಳನ್ನು. ನಮ್ಮ ಅಡುಗೆಮನೆಯ ಗುನ್ವೋರ್, ಈಗ ಅಲ್ಲಿ ಕಾಫಿ ಕಪ್ಪು ಜೋಡಿಸುತ್ತ ಕೇಳಿಸದವಳ ಹಾಗೆ ನಟಿಸುತ್ತಿದ್ದಾಳಲ್ಲ, ಅವಳೇ.

"ಗುನ್ವೋರ್, ಸ್ವಲ್ಪ ಬಾ ಇಲ್ಲಿ."

"ಒಲೇಲಿ ಏಲಕ್ಕಿ ಬನ್ನಿದೆ ಕಣಯ್ಯ."

"ಬನ್ ಬೇಯೋದ್ರೊಳಗೆ ಮುಗಿಯುತ್ತೆ."

"ನಂಗೆ ಇದ್ರ ತಲೆಬುಡ ಒಂದೂ ಗೊತ್ತಿಲ್ಲ."

"ಅದಕ್ಕೇ ಕರೆದದ್ದು. ಆ ಒಲೆ ಕೈಗವಸು ತೆಗೀಬೇಡ, ಹಾಗೇ ಬಾ."

ಪರೀಕ್ಷೆಗೆಂದು ಇಟ್ಟ ಪೆಟ್ಟಿಗೆ, ಒಳಗೆ ವಿದ್ಯುತ್ ಇರಲಿಲ್ಲ. ಗುನ್ವೋರ್ ಸ್ಪ್ಯಾನರು ಹಿಡಿದಳು, ಸೌಟು ಹಿಡಿದ ಹಾಗೆ. ನಾನು ಮೀಸೆಯಲ್ಲೇ ನಕ್ಕೆ. ಮೊದಲ ಬೋಲ್ಟಿಗೆ ಹಾಕಲು ಹೋದಳು, ಸ್ಪ್ಯಾನರು ಕೂರಲಿಲ್ಲ.

"ಈ ಕಿತ್ತಳೆ ಬಣ್ಣದ ಹಿಡಿ ಅಡ್ಡ ಬರ್ತಿದೆ."

"ಅಡುಗೆಮನೇಲಿ ಏನಾದ್ರೂ ಅಡ್ಡ ಬಂದ್ರೆ ಏನ್ಮಾಡ್ತೀಯ?"

"ಎತ್ತಿ ಆಚೆ ಇಡ್ತೀನಿ."

"ಮತ್ತೆ?"

ಎತ್ತಿ ಆಚೆ ಇಟ್ಟಳು. ಆ ಹಿಡಿಯೇ ವಿದ್ಯುತ್ತಿನ ಸಂಪರ್ಕ ಕಡಿಯುವ ಹಿಡಿ! ಅದನ್ನು ತೆಗೆಯದೆ ಮೊದಲ ಬೋಲ್ಟು ಮುಟ್ಟಲಾಗದ ಹಾಗೆ ಅದನ್ನು ಅಲ್ಲಿಟ್ಟಿದ್ದ, ಆ ಕಿರಾತಕ. ಗೊತ್ತಿಲ್ಲದವರು ಕೂಡ ಸರಿಯಾದದ್ದನ್ನೇ ಮೊದಲು ಮಾಡಬೇಕು, ಬೇರೆ ದಾರಿಯೇ ಇರಬಾರದು. ಆಮೇಲೆ ಮುಚ್ಚಳ ಬಂತು. ಆಮೇಲೆ ಸಣ್ಣ ಪೆಟ್ಟಿಗೆಯ ಎರಡು ಕಿವಿ ಹಿಡಿದು ಎಳೆದಳು. ಹಳಿಯ ಮೇಲೆ ಸರ್ರನೆ ಜಾರಿ ತಳ್ಳುಗಾಡಿಗೆ ಬಂತು.

"ಅಯ್ಯೋ, ಇದು ನನ್ನ ಬನ್ನಿನ ತಟ್ಟೆ ಥರಾನೇ ಇದೆಯಲ್ಲ!" ಅಂದಳು. ಮತ್ತೆ ಒಳಗೆ ತಳ್ಳಿದಳು. ಟಕ್. ಬೋಲ್ಟು ಬಿಗಿದಳು. ಹಿಡಿ ಹಾಕಿದಳು. ನನ್ನ ಕಡೆ ತಿರುಗಿ, "ಎವೆರ್ಟ್, ಇಷ್ಟಕ್ಕಾ ನಿಂಗೆ ಸಂಬಳ ಕೊಡೋದು?" ಅಂದಳು.

ಇಡೀ ಕೋಣೆ ನಕ್ಕಿತು. ಹಾಲ್ವರ್ ನಗಲಿಲ್ಲ. ನನ್ನ ಮುಂದೆ ಬಂದು ಅಂಗೈ ಚಾಚಿದ. ಹೀಗೆ. "ದುಡ್ಡು."

ಬಿಟ್ಟಾನೆಯೇ? ಪೈಸೆ ಬಿಡಲಿಲ್ಲ. ಪಾದ್ರಿಗಳೇ, ಇವನೇ ನಿಮ್ಮ ಸೌಮ್ಯ ಸ್ವಭಾವದವನು.

ಈಗ ಮುಂದಿನ ಸಾಲಿಗೆ ಬರೋಣ.

ನಮ್ಮ ದೇಶದಲ್ಲಿ ದೊಡ್ಡವರನ್ನೂ ಹೆಸರು ಹಿಡಿದು ನೀನು ಎಂದೇ ಕರೆಯುತ್ತೇವೆ. ಇವತ್ತು ರುಟ್ಗರ್ ಅವರನ್ನು ನಾನು ನೀವು, ತಾವು ಎನ್ನುತ್ತೇನೆ. ಬೇಕೆಂದೇ. ತಾವು ಈಗ ತಾನೇ ಒಂದು ಸಿಹಿ ಸುದ್ದಿ ಕೊಟ್ಟಿರಿ. ಮುಂದಿನ ಲಾರಿಯ ಬ್ಯಾಟರಿಗೆ ಹಾಲ್ವರನ ಹೆಸರಿಡುತ್ತೇವೆ ಎಂದಿರಿ. "ಹಾಲ್ವರ್ ಪೆಟ್ಟಿಗೆ". ಬೋದಿಲ್ ಕಣ್ಣೊರೆಸಿಕೊಂಡಳು. ಹಿಂದಿನ ಸಾಲಿನವರೂ ಒಂದು ಕ್ಷಣ ಬಾಗಿಲು ನೋಡುವುದನ್ನು ಬಿಟ್ಟರು.

ಆದರೆ ಅದರೊಳಗೆ ಏನಿದೆ ಎಂದು ತಾವು ಹೇಳಲಿಲ್ಲ. ಮರೆತಿರಬೇಕು. ನಾನು ಹೇಳುತ್ತೇನೆ.

ಅಂಟು.

— ಗದ್ದಲ ಬೇಡ, ಕೂತುಕೊಳ್ಳಿ. ಹೌದು, ಅಂಟು. ಹಳಿ ಇಲ್ಲ, ಒಂದೇ ಅಳತೆಯ ಬೋಲ್ಟು ಇಲ್ಲ, ರಬ್ಬರ್ ಪಟ್ಟಿ ಇಲ್ಲ. ಮಾದರಿ ಪೆಟ್ಟಿಗೆಯನ್ನು ಹೋದ ವಾರ ಕಟ್ಟಿದ್ದು ನಾನೇ, ಇದೇ ಕೈಗಳಿಂದ. ಹಾಲ್ವರ್ ಆಸ್ಪತ್ರೆಯಲ್ಲಿ ಮಲಗಿದ್ದ. ಸೋಮವಾರ ಬೆಳಿಗ್ಗೆ ಆಡಳಿತ ಮಂಡಳಿ ಕೂತು ಒಪ್ಪಿಗೆ ಕೊಡುತ್ತದೆ. ತಮ್ಮ ವಾದ ನನಗೆ ಗೊತ್ತು: ಹಗುರ, ಅಗ್ಗ, ಗಟ್ಟಿ. ಮೂರೂ ನಿಜ. ಎಷ್ಟೋ ವರ್ಷಗಳ ಹಿಂದೆ ಹಾಲ್ವರನೂ ಅದೇ ಮೂರು ಮಾತು ಹೇಳಿ ಬಹುಮಾನ ತಂದಿದ್ದ.

ಅದಾದ ಮೇಲೆ ತೂರಾಳ ಶೆಡ್ಡಿನಲ್ಲಿ ಎಂಟು ಜನ ಏನು ಮಾಡುತ್ತಾರೆ? ಮತ್ತೆ ಉಳಿ ಹಿಡಿಯಬೇಕು, ಇಲ್ಲವೇ ಬೀಗ ಹಾಕಬೇಕು. ಚೆನ್ನಾಗಿರುವುದನ್ನೂ ಕೆಟ್ಟದ್ದನ್ನೂ ಒಟ್ಟಿಗೇ ಪುಡಿ ಮಾಡುವ ಯಂತ್ರಕ್ಕೆ ಸುರಿಯಬೇಕು. ಮತ್ತು ಆ ಪೆಟ್ಟಿಗೆಯ ಮೇಲೆ ಕೆತ್ತಿರುವ ಹೆಸರು ಅವಳ ಅಪ್ಪನದು! ಅಲ್ಲ ಸ್ವಾಮಿ, ಅವಳು ಉಳಿಯನ್ನು ಎಲ್ಲಿ ಇಡಬೇಕು? ಹಾಲ್ವರ್ ಎಂಬ ಅಕ್ಷರದ ಮೇಲೋ, ಕೆಳಗೋ?

ತಮಗೆ ಇನ್ನೊಂದು ವಿಷಯ ಹೇಳುತ್ತೇನೆ. ಚರ್ಚಿನಲ್ಲಿ ನಾನು ಬಗ್ಗಿ ನೋಡಿದೆ. ಅವನ ಶವಪೆಟ್ಟಿಗೆಗೆ ಸ್ಕ್ರೂ ಹಾಕಿದ್ದಾರೆ. ಇನ್ನೆಂದೂ ಬಿಚ್ಚದ ಪೆಟ್ಟಿಗೆಗೂ ಬಡಗಿ ಅಂಟು ಸುರಿದಿಲ್ಲ.

ನನಗೆ ಹಾಲ್ವರನ ಮೇಲೆ ಸಿಟ್ಟಿದೆ. ಇವತ್ತಿಗೂ ಇದೆ, ನಾಳೆಗೂ ಇರುತ್ತದೆ. ನನ್ನ ಕಸುಬನ್ನು ಅಡುಗೆಯವಳ ಕೈಗೆ ಕೊಟ್ಟವನು ಅವನು. ಆದರೆ ಆ ಸಿಟ್ಟು ನನ್ನದು, ನಾನು ಸಂಪಾದಿಸಿದ್ದು. ಅದನ್ನು ಬಳಸಿಕೊಂಡು ತಾವು ಅವನ ಹೆಸರನ್ನು ಅಂಟಿನಲ್ಲಿ ಅದ್ದುವುದಕ್ಕೆ ನಾನು ಬಿಡುವುದಿಲ್ಲ. ತಾವು ಹೋದ ವಾರ ನನ್ನ ಭುಜ ತಟ್ಟಿ ಹೇಳಿದಿರಿ: "ಎವೆರ್ಟ್, ನಿನ್ನ ಪಿಯಾನೊ ತಂತಿಗೆ ಮತ್ತೆ ಕಾಲ ಬಂತು ನೋಡು." ಈ ಹೊಸ ಅಂಟನ್ನು ನನ್ನ ತಂತಿಯೂ ಕೊಯ್ಯುವುದಿಲ್ಲ, ರುಟ್ಗರ್ ಅವರೇ. ಕಟ್ಟಿದ ಸಂಜೆಯೇ ಪ್ರಯತ್ನಿಸಿದೆ. ತಂತಿ ತುಂಡಾಯಿತು. ನನಗೂ ಬಾರದ ಕೆಲಸವನ್ನು ಯಾರಿಗೆ ಬಿಟ್ಟು ಹೋಗುತ್ತಿದ್ದೀರಿ?

ಆದ್ದರಿಂದ ಇಷ್ಟು ಜನರ ಮುಂದೆ ಒಂದು ಮಾತು. ಸೋಮವಾರ, ತಮ್ಮ ಮಂಡಳಿ ಕೂರುವ ಮೊದಲು, ಕಾಫಿ ಹೊತ್ತಿಗೆ ತಮ್ಮ ಪೆಟ್ಟಿಗೆಯನ್ನು ಊಟದ ಕೋಣೆಗೆ ತನ್ನಿ. ಒಳಗೆ ವಿದ್ಯುತ್ ಇಲ್ಲದ್ದನ್ನೇ ತನ್ನಿ, ಗುನ್ವೋರ್ ನಮಗೆ ಇನ್ನೂ ಬೇಕು. ಅವಳು ಒಲೆಯ ಕೈಗವಸು ಹಾಕಿಕೊಂಡು ಬಿಚ್ಚಿದರೆ, ಹಾಲ್ವರನ ಹೆಸರಿಡಿ, ನಾನೇ ಬಣ್ಣದಲ್ಲಿ ಬರೆದುಕೊಡುತ್ತೇನೆ. ಬಿಚ್ಚಲಾಗದಿದ್ದರೆ — ಅಂಟೂ ಬೇಡ, ಹೆಸರೂ ಬೇಡ, ಹಾಲ್ವರನ ಹಳಿ ಮತ್ತು ಬೋಲ್ಟು ಹಾಗೇ ಮುಂದುವರಿಯಬೇಕು.

ಏನಂತೀರಿ?

— ತಲೆ ಆಡಿಸಿದರೆ ಹಿಂದಿನವರಿಗೆ ಕಾಣುವುದಿಲ್ಲ. ಬಾಯಿ ಬಿಟ್ಟು ಹೇಳಿ.

— ಏನು?

— "ನೋಡೋಣ" ಎಂಬುದು ಉತ್ತರವಲ್ಲ. ಬೋದಿಲ್ ಕಡೆ ತಿರುಗಿ ಹೇಳಿ. ನನಗಲ್ಲ, ಅವಳಿಗೆ.

— ಹಾಂ. "ಸರಿ" ಎಂದರು. ಕೇಳಿದಿರಲ್ಲ ಎಲ್ಲರೂ? ಪಾದ್ರಿಗಳೇ, ನೀವೂ ಕೇಳಿದಿರಿ. ದೇವರ ಮನೆಯ ಪಕ್ಕದ ಕೋಣೆಯಲ್ಲಿ ಹೇಳಿದ ಮಾತು.

ನಾನೂ ಬರಿಗೈಯಲ್ಲಿ ಮಾತಾಡುತ್ತಿಲ್ಲ. ಗುನ್ವೋರ್ ಬಿಚ್ಚಿದರೆ, ಹಾಲ್ವರನಿಗೆ ಕೊಟ್ಟಷ್ಟನ್ನೇ ರುಟ್ಗರ್ ಅವರ ಕೈಗೆ ಎಣಿಸುತ್ತೇನೆ. ಅಲ್ಲಿ ಯಾರೋ "ಐನೂರಾ?" ಎಂದು ಕೂಗಿದರು. ಹೌದು, ಐನೂರು ಕ್ರೋನ ಸೋತೆ ಎಂದೇ ಇಷ್ಟು ದಿನ ಹೇಳಿಕೊಂಡು ಬಂದಿದ್ದೇನೆ. ಮನೆಯಲ್ಲೂ ಅದೇ ಹೇಳಿದ್ದೇನೆ. ನನ್ನ ಹೆಂಡತಿ ಮಾಯ್‌ಲಿಸ್ ಆ ಕಂಬದ ಪಕ್ಕ ಕೂತಿದ್ದಾಳೆ. ಅವಳಿಗೆ ಗೊತ್ತಿರುವುದೆಂದರೆ, ಆ ಬೇಸಿಗೆಯಲ್ಲಿ ನಮ್ಮ ದೋಣಿಯ ಮೋಟಾರು ಕಳಚಿಕೊಂಡು ಸರೋವರದಲ್ಲಿ ಮುಳುಗಿತು.

ಮುಳುಗಲಿಲ್ಲ, ಮಾಯ್‌ಲಿಸ್. ಮಾರಿದೆ. ಪಂದ್ಯದ ದುಡ್ಡು ಕಟ್ಟಲು ಮಾರಿದೆ. ಮತ್ತು ಆ ನೀಚ — ಕ್ಷಮಿಸಿ ಪಾದ್ರಿಗಳೇ — ಆ ದುಡ್ಡು ತಗೊಂಡು ನೇರ ನಾನು ಮಾರಿದ ಅಂಗಡಿಗೇ ಹೋಗಿ ಅದೇ ಮೋಟಾರನ್ನು ಕೊಂಡ! ಪ್ರತಿ ಭಾನುವಾರ ನಮ್ಮ ದಂಡೆಯ ಮುಂದೆಯೇ ಹೋಗುತ್ತಿದ್ದ, ನಿಧಾನಕ್ಕೆ, ಟೋಪಿ ಎತ್ತಿ. "ಹಾಲ್ವರನ ಮೋಟಾರು ಥೇಟ್ ನಮ್ಮದರ ಥರಾನೇ ಕೂಗುತ್ತಲ್ಲ ರೀ?" ಎಂದು ನೀನು ಕೇಳುತ್ತಿದ್ದೆ. ಎಲ್ಲಾ ಮೋಟಾರೂ ಹಾಗೇ ಕೂಗೋದು ಕಣೆ ಎಂದು ನಾನು ಹಲ್ಲು ಕಡಿಯುತ್ತಿದ್ದೆ. ಹೋದ ಭಾನುವಾರ ದಂಡೆಯಲ್ಲಿ ಕೂತಿದ್ದೆ. ಸದ್ದಿಲ್ಲ. ಬಹಳ ಹೊತ್ತು ಕೂತೆ.

ಸಾಕು. ಎಲ್ಲರೂ ದಯವಿಟ್ಟು ಎದ್ದು ನಿಲ್ಲಿ. ಕುರ್ಚಿ ಎಳೆಯುವ ಸದ್ದು ಬೇಡ, ಅವನಿಗೆ ಆಗುತ್ತಿರಲಿಲ್ಲ. ಗುನ್ವೋರ್, ಕಪ್ಪು ಕೆಳಗಿಡು. ರುಟ್ಗರ್, ನೀನೂ ಏಳು, ಮಾತು ಕೊಟ್ಟಿದ್ದೀಯ, ನಿಲ್ಲಬಹುದು. ಒಂದು ನಿಮಿಷ ಹಾಲ್ವರ್ ಏಕ್‌ಮಾನ್‌ಗಾಗಿ ಯಾರೂ ಒಂದು ಮಾತೂ ಆಡಬಾರದು. ಯಾರೂ ಎಂದರೆ ಯಾರೂ.

ಹದಿನೆಂಟು ಸಾವಿರ ಕ್ರೋನ, ಮಾಯ್‌ಲಿಸ್.

ಈಗ ಮೌನ.